ಗೂಡ್ಸ್ ಟೆಂಪೋ ಹತ್ತುವ ಮುನ್ನ



ಮದುವೆ, ಜಾತ್ರೆ, ಸಂಘದ ಸಮಾವೇಶ ಅಂದ್ರೆ ಬಾಡಿಗೆ ಕಡಿಮೆ ಅಂತ ನಾವೆಲ್ಲ ಗೂಡ್ಸ್ ಟೆಂಪೋ ಹತ್ತಿಬಿಡ್ತೀವಿ. 1988ರ ಮೋಟಾರು ವಾಹನ ಕಾಯ್ದೆಯ ಪ್ರಕಾರ ಅದು ಸರಕು ಸಾಗಣೆ ವಾಹನ. ಹಳದಿ ಬೋರ್ಡ್ ಇದ್ದ ಮಾತ್ರಕ್ಕೆ ಅದರಲ್ಲಿ ಜನರನ್ನು ಸಾಗಿಸುವಂತಿಲ್ಲ.

ಅಪಘಾತವಾದರೆ? ಸರಕು ವಾಹನದಲ್ಲಿ ಸುಮ್ಮನೆ ಪ್ರಯಾಣಿಸಿದವರಿಗೆ ವಿಮಾ ಕಂಪನಿ ಹೊಣೆಯಲ್ಲ ಎಂದು ಸುಪ್ರೀಂ ಕೋರ್ಟ್ 2002ರಲ್ಲೇ ಹೇಳಿದೆ. ಪರಿಹಾರವನ್ನು ಮಾಲೀಕರೇ ಕೊಡಬೇಕು. ಅವರ ಕೈಲಿ ದುಡ್ಡಿಲ್ಲದಿದ್ರೆ ನಮ್ಮ ಮಕ್ಕಳ ಗತಿ ಏನು?

1994ರ ತಿದ್ದುಪಡಿಯಂತೆ ಸರಕಿನ ಮಾಲೀಕರು ಅಥವಾ ಅವರ ಪ್ರತಿನಿಧಿ ಸರಕಿನ ಜೊತೆ ಹೋದರೆ ವಿಮೆ ಅನ್ವಯಿಸುತ್ತದೆ. ಆದ್ದರಿಂದ ಸಂಘದ ತರಕಾರಿಯನ್ನು ಸಂತೆಗೆ ಕಳಿಸುವಾಗ ಒಬ್ಬರು ಡ್ರೈವರ್ ಪಕ್ಕದ ಸೀಟಿನಲ್ಲಿ ಹೋಗಲಿ. ಉಳಿದವರು ಬಸ್ಸಿನಲ್ಲೇ ಹೋಗೋಣ.

ಮುಂದಿನ ವಾರದ ಸಭೆಯಲ್ಲಿ ಇದನ್ನು ಚರ್ಚಿಸಿ, ನಿರ್ಣಯ ಬರೆಯಿರಿ.