ಮೋಟರ್ ಓಡುತ್ತದೆ, ನೀರೇಕೆ ಏರುವುದಿಲ್ಲ?

ಚಿತ್ರದುರ್ಗ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ ಕಡೆಯ ಮನೆಗಳಲ್ಲಿ ಬೇಸಿಗೆ ಬಂತೆಂದರೆ ಕೇಳಿಬರುವ ದೂರು ಇದು: ಸಂಪಿನಲ್ಲಿ ನೀರಿದೆ, ಮೋಟರ್ ಭರ್ರೆಂದು ಓಡುತ್ತದೆ, ಮೇಲಿನ ಟ್ಯಾಂಕಿಗೆ ಮಾತ್ರ ಹನಿಯೂ ಬೀಳುವುದಿಲ್ಲ. ಪ್ಲಂಬರ್ ಬಂದು, ‘ಏರ್ ಹಿಡಿದಿದೆ’ ಎಂದು ಪಂಪಿನ ನೆತ್ತಿಯ ಬೋಲ್ಟ್ ಬಿಚ್ಚಿ, ಎರಡು ಚೆಂಬು ನೀರು ಹೊಯ್ದು ಮತ್ತೆ ಬಿಗಿಯುತ್ತಾರೆ. ಅಂದು ನೀರು ಏರುತ್ತದೆ; ನಾಲ್ಕು ದಿನಕ್ಕೆ ಮತ್ತೆ ಅದೇ ಪಾಡು. ಏರ್ ತೆಗೆದರೆ ಅರ್ಧ ಕೆಲಸ ಮಾತ್ರ ಆದಂತೆ. ಅದು ಎಲ್ಲಿಂದ ಹೊಕ್ಕಿತೆಂದು ಹುಡುಕದೆ ಮಾಡಿದ ರಿಪೇರಿ ರಿಪೇರಿಯೇ ಅಲ್ಲ.

ಪಂಪು ನೀರನ್ನು ಎಳೆಯುತ್ತದೆ ಎಂದು ನಾವು ರೂಢಿಯಲ್ಲಿ ಹೇಳುತ್ತೇವೆ. ಆದರೆ ಅದು ಮಾಡುವುದು ತನ್ನ ಬಾಯಲ್ಲಿ ಒತ್ತಡ ತಗ್ಗಿಸುವುದಷ್ಟೇ. ಸಂಪಿನ ನೀರನ್ನು ಪೈಪಿನೊಳಕ್ಕೆ ತಳ್ಳುವುದು ಹೊರಗಿನ ವಾತಾವರಣ. ಎಳನೀರು ಕುಡಿಯುವಾಗ ಸ್ಟ್ರಾ ಕೆಲಸ ಮಾಡುವುದೂ ಹೀಗೆಯೇ. ಆ ಸ್ಟ್ರಾ ಮಧ್ಯದಲ್ಲಿ ಕೂದಲೆಳೆಯಷ್ಟು ಸೀಳಿದ್ದರೆ, ಎಷ್ಟು ಹೀರಿದರೂ ಬಾಯಿಗೆ ಬರುವುದು ಗಾಳಿಯೇ. ಅಷ್ಟಾದರೂ ಆ ಸೀಳಿನಿಂದ ಒಂದು ಹನಿಯೂ ಹೊರಗೆ ಸೋರುವುದಿಲ್ಲ. ಎಂಥ ಒಳ್ಳೆಯ ಪಂಪೂ ಸುಮಾರು ಹತ್ತು ಮೀಟರಿಗಿಂತ ಆಳದಿಂದ ನೀರನ್ನು ಹೀರಲಾರದು ಎಂಬುದನ್ನು ಗೆಲಿಲಿಯೋ 1638ರ ತನ್ನ ಗ್ರಂಥದಲ್ಲೇ ಬರೆದಿದ್ದ, ಆದರೆ ಕಾರಣ ಅವನಿಗೆ ಸರಿಯಾಗಿ ಹೊಳೆದಿರಲಿಲ್ಲ. ಪಾದರಸ ತುಂಬಿದ ಗಾಜಿನ ಕೊಳವೆಯಿಂದ ಆ ಒಗಟನ್ನು ಬಿಡಿಸಿದವನು ಅವನ ಶಿಷ್ಯ ಟಾರಿಸೆಲ್ಲಿ. 1648ರಲ್ಲಿ ಫ್ರೆಂಚ್ ವಿಜ್ಞಾನಿ ಪಾಸ್ಕಲ್‌ನ ಭಾವ ಪೆರಿಯೇ ಅಂಥದೇ ಕೊಳವೆಯನ್ನು ಫ್ರಾನ್ಸಿನ ಒಂದು ಬೆಟ್ಟದ ತುದಿಗೆ ಹೊತ್ತೊಯ್ದ. ಅಲ್ಲಿ ಪಾದರಸ ಸುಮಾರು ಎಂಟು ಸೆಂಟಿಮೀಟರ್ ಇಳಿದಿತ್ತು. ಎತ್ತರ ಹೆಚ್ಚಿದಂತೆ ನಮ್ಮ ಮೇಲಿನ ಗಾಳಿಯ ಭಾರ ಕಡಿಮೆಯಾಗುತ್ತದೆ ಎಂಬುದು ಹೀಗೆ ಖಾತ್ರಿಯಾಯಿತು. ಆ ಬೆಟ್ಟದ ಲೆಕ್ಕ ನಮಗೂ ಅನ್ವಯಿಸುತ್ತದೆ. ಚಿತ್ರದುರ್ಗ ಸಮುದ್ರಮಟ್ಟದಿಂದ ಸುಮಾರು 730 ಮೀಟರ್ ಮೇಲಿದೆ, ಮಂಗಳೂರಿನಲ್ಲಿ 10.3 ಮೀಟರ್ ಇರುವ ಮಿತಿ ಇಲ್ಲಿ ಒಂಬತ್ತೂವರೆಗೆ ಇಳಿಯುತ್ತದೆ. ಪೈಪಿನ ಘರ್ಷಣೆ, ಬೇಸಿಗೆಯ ಬಿಸಿನೀರಿನ ಆವಿಯ ಒತ್ತಡ ಇವನ್ನು ಕಳೆದರೆ ಕೈಗೆ ಸಿಗುವುದು ಆರೇಳು ಮೀಟರ್. ಹೆಚ್ಚು ಹಾರ್ಸ್‌ಪವರ್ ಮೋಟರ್ ಹಾಕಿಸಿದರಾಯಿತು ಎನ್ನುವವರಿಗೆ ಇದೇ ಉತ್ತರ: ತಳ್ಳುವುದು ವಾತಾವರಣ, ಅದಕ್ಕೆ ಹಾರ್ಸ್‌ಪವರ್ ಕೂಡಿಸಲಾಗದು.

ಸ್ವಲ್ಪ ಗಾಳಿ ಹೊಕ್ಕರೆ ಇಷ್ಟು ದೊಡ್ಡ ಯಂತ್ರ ಸೋಲುವುದೇಕೆ? ಮನೆಯ ಮಾನೋಬ್ಲಾಕ್ ಪಂಪಿನ ಇಂಪೆಲ್ಲರ್ ತನ್ನೊಳಗೆ ಇರುವುದನ್ನು ಗರಗರ ತಿರುಗಿಸಿ ಅಂಚಿಗೆ ಎಸೆಯುತ್ತದೆ. ನೀರಿದ್ದಾಗ ಇಪ್ಪತ್ತು ಮೀಟರ್ ಎತ್ತರಕ್ಕೆ ಏರಿಸಬಲ್ಲ ಪಂಪು, ಗಾಳಿಯಿದ್ದಾಗ ಇಪ್ಪತ್ತು ಮೀಟರ್ ಎತ್ತರದ ಗಾಳಿಯ ಕಂಬದಷ್ಟೇ ಒತ್ತಡ ಹುಟ್ಟಿಸುತ್ತದೆ. ಗಾಳಿ ನೀರಿಗಿಂತ ಎಂಟು ನೂರು ಪಟ್ಟಿಗೂ ಹೆಚ್ಚು ಹಗುರ. ಹಾಗಾಗಿ ಆ ಒತ್ತಡಕ್ಕೆ ಸಂಪಿನ ನೀರು ಏರುವುದು ಬರೀ ಎರಡು ಸೆಂಟಿಮೀಟರ್! ಅದಕ್ಕೇ ಮೊದಲು ಸಂಪಿನಿಂದ ಪಂಪಿಗೆ ಬರುವ ಸಕ್ಷನ್ ಪೈಪು, ಪಂಪು ಎರಡನ್ನೂ ಕಂಠಪೂರ್ತಿ ನೀರಿನಿಂದ ತುಂಬಬೇಕು. ಮೇನ್ ಸ್ವಿಚ್ ಆರಿಸಿ, ನೀರನ್ನು ನಿಧಾನವಾಗಿ ಹೊಯ್ಯುತ್ತ, ಗುಳ್ಳೆ ಬರುವುದು ಪೂರ್ತಿ ನಿಂತ ಮೇಲೆ ಬೋಲ್ಟ್ ಬಿಗಿಯಬೇಕು. ಏರ್ ಹಿಡಿದ ಮೋಟರನ್ನು ‘ಓಡಲಿ, ತಾನೇ ಸರಿಹೋಗುತ್ತದೆ’ ಎಂದು ಬಿಟ್ಟರೆ, ನೀರಿನಿಂದಲೇ ತಂಪಾಗಬೇಕಾದ ಸೀಲ್ ಒಣಗಿ ಸುಟ್ಟು, ಗಾಳಿಗೆ ಇನ್ನೊಂದು ದಾರಿ ತೆರೆಯುತ್ತದೆ.

ಸೆಲ್ಫ್‌ಪ್ರೈಮಿಂಗ್ ಪಂಪು ಬಂದ ಮೇಲೆ ಈ ತಾಪತ್ರಯ ಏಕೆ ಎಂದು ಕೇಳಬಹುದು. ಅದು ತನ್ನ ಹೊಟ್ಟೆಯಲ್ಲಿ ಉಳಿದ ನೀರಿನೊಂದಿಗೆ ಗಾಳಿಯನ್ನು ಬೆರೆಸಿ ಹೊರಹಾಕುತ್ತದೆ, ನಿಜ. ಆದರೆ ಸೀಳಿನಿಂದ ಬಿಡದೆ ಗಾಳಿ ನುಗ್ಗುತ್ತಿದ್ದರೆ ಅದೂ ದಣಿಯುತ್ತದೆ. ಸಬ್‌ಮರ್ಸಿಬಲ್ ಪಂಪಿನ ಪರವಾದ ವಾದ ಗಟ್ಟಿಯಾದದ್ದು, ಅದು ನೀರಿನೊಳಗೇ ಕೂತು ಮೇಲಕ್ಕೆ ತಳ್ಳುತ್ತದೆ. ನೂರಾರು ಅಡಿ ಆಳದ ನಮ್ಮ ಬೋರ್‌ವೆಲ್‌ಗಳಿಗೆ ಹೆಚ್ಚಾಗಿ ಅದೇ ದಾರಿ. ಆದರೂ ಬೋರಿನ ನೀರು ಪಂಪಿಗಿಂತ ಕೆಳಗಿಳಿದ ದಿನ ಅದೂ ಕೆಮ್ಮಿ ಕೆಮ್ಮಿ ಗಾಳಿ ಬಿಡುತ್ತದೆ.

2022ರಲ್ಲಿ ನಮ್ಮ ಕಡೆಗೆ ನೀರುಣಿಸುವ ಮಾರಿಕಣಿವೆ ಜಲಾಶಯ 1933ರ ನಂತರ ಮೊದಲ ಸಲ ಕೋಡಿ ಬಿತ್ತು. ಆದರೆ ಕಣಿವೆ ತುಂಬಿದರೂ ನಲ್ಲಿಯಲ್ಲಿ ದಿನವಿಡೀ ನೀರು ಬಾರದಿರುವ ತನಕ ಸಂಪು, ಮೋಟರ್ ತಪ್ಪುವುದಿಲ್ಲ. ಸಂಪಿನ ನೀರು ಇಳಿದಷ್ಟೂ ಸಕ್ಷನ್ ಪೈಪಿನ ಒತ್ತಡ ತಗ್ಗಿ, ಮಳೆಗಾಲದಲ್ಲಿ ಸುಮ್ಮನಿದ್ದ ಸೀಳು ಬೇಸಿಗೆಯಲ್ಲಿ ಗಾಳಿ ಹೀರತೊಡಗುತ್ತದೆ. ಆ ಪೈಪಿನ ತಳತುದಿಯಲ್ಲಿರುವ ಫುಟ್‌ವಾಲ್ವಿನ ಮೇಲೆ ಒಂದಡಿಯಾದರೂ ನೀರು ನಿಲ್ಲದಿದ್ದರೆ ಸುಳಿಯೆದ್ದು ಗಾಳಿ ನೇರವಾಗಿಯೇ ಒಳಬರುತ್ತದೆ. ಪೈಪು ಸಂಪಿನಿಂದ ಪಂಪಿನವರೆಗೆ ಏರುತ್ತಲೇ ಹೋಗಬೇಕು. ನಡುವೆ ಗೂನು ಬಿದ್ದರೆ ಗಾಳಿ ಅಲ್ಲಿ ಠಿಕಾಣಿ ಹೂಡುತ್ತದೆ. ಸೀಳು ಕಂಡುಹಿಡಿಯಲು ಮೋಟರ್ ಓಡುವಾಗ ಪ್ರತಿ ಜಾಯಿಂಟಿಗೂ ಸೋಪಿನ ನೊರೆ ಹಚ್ಚಿ: ತಪ್ಪಿತಸ್ಥ ಜಾಯಿಂಟು ನೊರೆಯನ್ನು ಒಳಗೆಳೆದುಕೊಳ್ಳುತ್ತದೆ. ಪಂಪಿನ ಮೇಲೆ ಚೆಕ್‌ವಾಲ್ವ್ ಇಲ್ಲದಿದ್ದರೆ ಇನ್ನೂ ಸುಲಭ. ನೀರು ಏರುತ್ತಿರುವಾಗ ಮೋಟರ್ ಆರಿಸಿದರೆ ಡೆಲಿವರಿ ಪೈಪಿನಲ್ಲಿ ನಿಂತ ನೀರು ಸಕ್ಷನ್ ಪೈಪನ್ನೂ ಒಳಗಿನಿಂದ ಒತ್ತುತ್ತದೆ. ಅಲ್ಲಿಯವರೆಗೆ ಒಣಗಿದ್ದ ಎಲ್ಬೋ, ಯೂನಿಯನ್ನಿನ ಅಂಚಿನಲ್ಲಿ ಆಗ ಒಂದು ಹನಿ ಮೂಡುತ್ತದೆ. ಹನಿ ಎಲ್ಲೂ ಮೂಡದೆ ನೀರು ಗೊಳಗೊಳನೆ ಸಂಪಿಗೆ ಇಳಿದರೆ ಫುಟ್‌ವಾಲ್ವನ್ನು ಬಿಚ್ಚಿ ನೋಡಿ. ವಾಷರ್ ಸವೆದಿರಬಹುದು, ಇಲ್ಲವೇ ಮರಳಿನ ಹರಳೊಂದು ಸಿಕ್ಕಿಕೊಂಡಿರಬಹುದು.