ಪೋಲೆಂಡಿನಲ್ಲಿ ಒಂದು ವಾರ: ವಾರ್ಸಾ ಮತ್ತು ಕ್ರಾಕೋ

ಪೋಲೆಂಡು ದೇಶದಲ್ಲಿ ಮಧ್ಯಾಹ್ನ ಹನ್ನೆರಡಕ್ಕೆ ರೇಡಿಯೋ ಹಾಕಿದರೆ ಮೊದಲು ಗೋಪುರದ ಗಂಟೆ ಬಾರಿಸುವುದು ಕೇಳುತ್ತದೆ. ಅದರ ಬೆನ್ನಿಗೇ ಒಂದು ತುತ್ತೂರಿಯ ದನಿ ಏಳುತ್ತದೆ. ರಾಗ ಏರುತ್ತ ಹೋಗಿ, ಇನ್ನೇನು ಒಂದು ನೆಲೆಗೆ ಬಂದು ನಿಲ್ಲಬೇಕು ಎನ್ನುವಾಗ ಥಟ್ಟನೆ ಕಡಿದುಹೋಗುತ್ತದೆ. ರೇಡಿಯೋ ಕೆಟ್ಟಿತೆಂದು ಗುಂಡಿ ತಿರುಗಿಸಬೇಕಾಗಿಲ್ಲ. ಆ ರಾಗ ಇರುವುದೇ ಹಾಗೆ. ಕ್ರಾಕೋ ಪಟ್ಟಣದ ಸೇಂಟ್ ಮೇರಿ ಇಗರ್ಜಿಯ ಗೋಪುರದಿಂದ ಹಗಲಿರುಳೂ ಗಂಟೆಗೊಮ್ಮೆ, ನಾಲ್ಕು ದಿಕ್ಕಿಗೂ ಊದುವ ಕರೆ ಅದು. 1241ರಲ್ಲಿ ತಾರ್ತರ ದಂಡು ಊರ ಮೇಲೆ ಬಿದ್ದಾಗ ಎಚ್ಚರಿಕೆಯ ಕರೆ ಊದುತ್ತಿದ್ದ ಕಾವಲುಗಾರನ ಗಂಟಲಿಗೆ ಬಾಣ ನಾಟಿತಂತೆ. ಅವನ ಉಸಿರು ನಿಂತಲ್ಲಿಗೇ ಇಂದಿಗೂ ರಾಗವನ್ನು ನಿಲ್ಲಿಸುತ್ತಾರಂತೆ. ಚರಿತ್ರಕಾರರು ಇದನ್ನು ಕಥೆಯೆಂದೇ ಎಣಿಸುತ್ತಾರೆ. ಆದರೆ ಪೋಲಿಷ್ ರೇಡಿಯೋ ಮಧ್ಯಾಹ್ನದ ಆ ಕರೆಯನ್ನು ದೇಶಕ್ಕೆಲ್ಲ ಕೇಳಿಸಲು ಮೊದಲುಮಾಡಿದ್ದು 1927ರಲ್ಲಿ. ಆ ಪದ್ಧತಿ ಇಂದಿಗೂ ಇದೆ.

ರಾಜಧಾನಿ ವಾರ್ಸಾದ ರೇಡಿಯೋಗೂ ಹೀಗೆ ಕಡಿದುಹೋದ ನಾದವೊಂದರ ನೆನಪಿದೆ. ಅದು ಕಥೆಯಲ್ಲ. 1939ರ ಸೆಪ್ಟೆಂಬರ್ 1ರಂದು ಜರ್ಮನಿ ಪೋಲೆಂಡಿನ ಮೇಲೆ ದಂಡೆತ್ತಿ ಬಂದಿತು. ಅದೇ ತಿಂಗಳ 23ರಂದು, ಊರಿನ ಮೇಲೆ ಗುಂಡು ಬೀಳುತ್ತಿರುವಾಗಲೇ, ವ್ಲಾದಿಸ್ಲಾವ್ ಶ್ಪಿಲ್ಮಾನ್ ಎಂಬ ಯೆಹೂದಿ ಪಿಯಾನೋ ವಾದಕರು ನಿಲಯದಲ್ಲಿ ಕುಳಿತು ಶೋಪಾನನ ಕೃತಿಗಳನ್ನು ನುಡಿಸಿದರು. ಅಂದೇ ವಿದ್ಯುತ್ ಕೇಂದ್ರಕ್ಕೆ ಏಟು ಬಿದ್ದು ರೇಡಿಯೋ ಮೂಕವಾಯಿತು. 1945ರಲ್ಲಿ ವಾರ್ಸಾ ರೇಡಿಯೋ ಮತ್ತೆ ಬಾಯಿಬಿಟ್ಟಾಗ ಪಿಯಾನೋ ಮುಂದೆ ಕುಳಿತವರೂ ಅವರೇ. ಈ ನಡುವೆ ಅವರ ತಾಯಿ, ತಂದೆ, ತಮ್ಮ, ತಂಗಿಯರು ಕೊಲೆಯಾಗಿದ್ದರು; ಅವರು ಹುಟ್ಟಿ ಬೆಳೆದ ದೇಶದ ರಾಜಧಾನಿ ಕಲ್ಲುಗುಪ್ಪೆಯಾಗಿತ್ತು.

ಚರಿತ್ರೆಯಲ್ಲಿ ಆಸಕ್ತಿಯುಳ್ಳವರು ಯೂರೋಪಿಗೆ ಹೊರಟಾಗ ಒಂದು ವಾರವನ್ನು ಈ ಎರಡು ಪಟ್ಟಣಗಳಿಗೆ ಮೀಸಲಿಡಬಹುದು. ಆದರೆ ಹೊರಡುವ ಮೊದಲೇ ಒಂದು ಮಾತನ್ನು ಮನಸ್ಸಿನಲ್ಲಿಟ್ಟುಕೊಳ್ಳಬೇಕು. ಪ್ರವಾಸಿಗಳು ಸಾಮಾನ್ಯವಾಗಿ ಹೇಳುವುದು ಹೀಗೆ: 'ಕ್ರಾಕೋ ನಿಜವಾದ ಹಳೆಯ ಊರು; ವಾರ್ಸಾದಲ್ಲಿ ಏನಿದೆ, ಎಲ್ಲ ಹೊಸದಾಗಿ ಕಟ್ಟಿದ್ದು.' ಈ ಮಾತನ್ನು ನಂಬಿ ವಾರ್ಸಾವನ್ನು ಅರ್ಧ ದಿನದಲ್ಲಿ ಮುಗಿಸಿ ಓಡುವವರು ಬಹಳ. ಅದು ತಪ್ಪು. ವಾರ್ಸಾದಲ್ಲಿ ಕಲ್ಲು ಹೋಯಿತು, ಉಳಿದ ಜನ ಹಿಂತಿರುಗಿ ಬಂದು ಅದನ್ನು ಮತ್ತೆ ನಿಲ್ಲಿಸಿದರು. ಕ್ರಾಕೋದಲ್ಲಿ ಕಲ್ಲು ಉಳಿಯಿತು, ಆದರೆ ನಾಲ್ವರಲ್ಲಿ ಒಬ್ಬರಷ್ಟು ಜನ ಇಲ್ಲವಾದರು. ಒಂದು ಊರು ಉಳಿಯಿತು ಎಂದರೆ ಏನು ಉಳಿದಂತೆ? ಎರಡು ಊರನ್ನೂ ಸಮನಾಗಿ ನೋಡಿದವರಿಗೆ ಮಾತ್ರ ಈ ಪ್ರಶ್ನೆ ಏಳುತ್ತದೆ. ಆದ್ದರಿಂದ ವಾರ್ಸಾಕ್ಕೆ ಎರಡೂವರೆ ದಿನ, ಕ್ರಾಕೋಗೆ ಮೂರು ದಿನ ಕೊಡಿ, ಬಂದುಹೋಗುವುದಕ್ಕೆ ಉಳಿದದ್ದು.

ಮೊದಲು ವಾರ್ಸಾ. ಪೋಲರು ಇದನ್ನು ವರ್ಶಾವಾ ಎನ್ನುತ್ತಾರೆ; ರೈಲು ನಿಲ್ದಾಣದ ಫಲಕಗಳಲ್ಲಿ ಕಾಣುವುದೂ ಅದೇ ಹೆಸರು. ಮೊದಲನೆಯ ದಿನ ಅರಮನೆಯ ಚೌಕದಿಂದ ಹೊರಡಿ. ಅಲ್ಲಿ ಎತ್ತರದ ಕಂಬದ ಮೇಲೆ ಮೂರನೆಯ ಸಿಗಿಸ್ಮಂಡ್ ದೊರೆಯ ಪ್ರತಿಮೆ ಇದೆ. 1596ರ ಸುಮಾರಿನಲ್ಲಿ ಆಸ್ಥಾನವನ್ನು ಕ್ರಾಕೋದಿಂದ ಇಲ್ಲಿಗೆ ತಂದವನು ಈತ. ಕಂಬವನ್ನು ನಿಲ್ಲಿಸಿದವನು ಇವನ ಮಗ, 1644ರಲ್ಲಿ. ಮುನ್ನೂರು ವರ್ಷ ನಿಂತ ಆ ಕಂಬವನ್ನು 1944ರಲ್ಲಿ ಜರ್ಮನರು ಉರುಳಿಸಿದರು. 1949ರಲ್ಲಿ ಹೊಸ ಕಂಬದ ಮೇಲೆ ದೊರೆ ಮತ್ತೆ ಏರಿದನು. ಅರಮನೆಯ ಗೋಡೆಯ ಪಕ್ಕಕ್ಕೆ ತಿರುಗಿ ನೋಡಿ: ಹಳೆಯ ಕಂಬದ ತುಂಡುಗಳನ್ನು ಅಲ್ಲೇ ಮಲಗಿಸಿದ್ದಾರೆ.

ಅಲ್ಲಿಂದ ಹಳೆಯ ಪೇಟೆಯ ಚೌಕಕ್ಕೆ ಹೋದರೆ ಬಣ್ಣಬಣ್ಣದ ಮನೆಗಳ ಸಾಲು. ನೂರಾರು ವರ್ಷದ ಊರೆಂದೇ ಅನಿಸುತ್ತದೆ. ಆದರೆ 1945ರ ಜನವರಿಯಲ್ಲಿ ಇಲ್ಲಿ ಇದ್ದದ್ದು ಇಟ್ಟಿಗೆಯ ರಾಶಿ. ಇಡೀ ಪಟ್ಟಣದಲ್ಲಿ ನೂರಕ್ಕೆ ಸುಮಾರು ಎಂಬತ್ತೈದು ಪಾಲು ನಾಶವಾಗಿತ್ತು. ಹಾಗಾದರೆ ಮತ್ತೆ ಕಟ್ಟಿದ್ದು ಯಾವ ಆಧಾರದಿಂದ? ಯುದ್ಧಕ್ಕೆ ಮೊದಲು ವಾಸ್ತುಶಿಲ್ಪದ ವಿದ್ಯಾರ್ಥಿಗಳೂ ಉಪಾಧ್ಯಾಯರೂ ಹಳೆಯ ಮನೆಗಳನ್ನು ಅಳತೆ ಮಾಡಿ ನಕ್ಷೆ ಬರೆದಿದ್ದರು. ಜರ್ಮನರ ಆಳ್ವಿಕೆಯಲ್ಲಿ ಆ ಹಾಳೆಗಳನ್ನು ಬಚ್ಚಿಟ್ಟು ಉಳಿಸಿದರು. ಇನ್ನೊಂದು ಆಧಾರ, 18ನೆಯ ಶತಮಾನದಲ್ಲಿ ಬೆಲ್ಲೋತ್ತೋ ಎಂಬ ಇಟಲಿಯ ಚಿತ್ರಗಾರ ದೊರೆಗಾಗಿ ಬರೆದ ವಾರ್ಸಾದ ಬೀದಿಗಳ ಚಿತ್ರಗಳು. ಹಾಳುಬಿದ್ದ ಮನೆಗಳ ಇಟ್ಟಿಗೆಯನ್ನೇ ಆಯ್ದು ಬಳಸಿದರು. ಚೌಕ 1953ರ ಹೊತ್ತಿಗೆ ಎದ್ದು ನಿಂತಿತು; ಅರಮನೆಯ ಕೆಲಸ 1971ರಲ್ಲಿ ಮೊದಲಾಗಿ 1984ರಲ್ಲಿ ಜನರಿಗೆ ತೆರೆಯಿತು. ಬೆಲ್ಲೋತ್ತೋನ ಚಿತ್ರಗಳು ಈಗ ಆ ಅರಮನೆಯಲ್ಲೇ ಇವೆ. ಮೊದಲು ಅವನ್ನು ನಿಧಾನವಾಗಿ ನೋಡಿ, ಅನಂತರ ಬೀದಿಗೆ ಇಳಿಯಿರಿ. ಚಿತ್ರ ನೋಡಿ ಊರನ್ನು ಕಟ್ಟಿದ್ದು ಎಂದರೇನೆಂಬುದು ಆಗ ಕಣ್ಣಿಗೆ ಬೀಳುತ್ತದೆ. 1980ರಲ್ಲಿ ಯುನೆಸ್ಕೋ ಈ ಹಳೆಯ ಪೇಟೆಯನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿದ್ದೂ ಈ ಪುನರ್ನಿರ್ಮಾಣದ ಸಾಹಸಕ್ಕಾಗಿಯೇ.

ಎರಡನೆಯ ದಿನ ನೋಡಬೇಕಾದದ್ದು ಮತ್ತೆ ಕಟ್ಟಲಾಗದೆ ಹೋದದ್ದನ್ನು. ಯುದ್ಧಕ್ಕೆ ಮುಂಚೆ ವಾರ್ಸಾದ ಸುಮಾರು 13 ಲಕ್ಷ ಜನರಲ್ಲಿ ಮೂರೂವರೆ ಲಕ್ಷಕ್ಕೂ ಹೆಚ್ಚು ಮಂದಿ ಯೆಹೂದ್ಯರು. 1940ರ ನವೆಂಬರಿನಲ್ಲಿ ನಾಜಿಗಳು ಊರಿನ ಒಂದು ಭಾಗಕ್ಕೆ ಗೋಡೆ ಹಾಕಿ, ಸುತ್ತಮುತ್ತಲಿನವರನ್ನೂ ಸೇರಿಸಿ ನಾಲ್ಕು ಲಕ್ಷಕ್ಕಿಂತ ಹೆಚ್ಚು ಜನರನ್ನು ಒಳಗೆ ತುಂಬಿದರು. ಇದೇ ಘೆಟ್ಟೋ. 1942ರ ಬೇಸಗೆಯಲ್ಲಿ ಇವರಲ್ಲಿ ಎರಡೂವರೆ ಲಕ್ಷಕ್ಕೂ ಮಿಕ್ಕಿ ಜನರನ್ನು ರೈಲಿನಲ್ಲಿ ತುಂಬಿ ತ್ರೆಬ್ಲಿಂಕಾ ಎಂಬಲ್ಲಿಗೆ ಒಯ್ದು ಕೊಂದರು. ಉಳಿದವರು 1943ರ ಏಪ್ರಿಲ್ 19ರಂದು ಆಯುಧ ಹಿಡಿದರು. ಒಂದು ತಿಂಗಳಿನೊಳಗೆ ಘೆಟ್ಟೋ ನೆಲಸಮವಾಯಿತು. ಇಂದು ಅಲ್ಲಿ ಮನೆಗಳೂ ಮರಗಳೂ ಇವೆ. ಗೋಡೆ ಇದ್ದ ಗೆರೆಯನ್ನು ಕಾಲುದಾರಿಯಲ್ಲಿ ಕಬ್ಬಿಣದ ಪಟ್ಟಿ ಹುದುಗಿಸಿ ಗುರುತಿಸಿದ್ದಾರೆ. ಆದ್ದರಿಂದ ಇಲ್ಲಿ ನೆಲ ನೋಡಿಕೊಂಡು ನಡೆಯಿರಿ. 2013ರಲ್ಲಿ ತೆರೆದ ಪೋಲಿನ್ ವಸ್ತುಸಂಗ್ರಹಾಲಯ ಪೋಲೆಂಡಿನ ಯೆಹೂದ್ಯರ ಸಾವನ್ನಷ್ಟೇ ಅಲ್ಲ, ಅವರು ಬಾಳಿದ ಸಾವಿರ ವರ್ಷದ ಬದುಕನ್ನು ತೋರಿಸುತ್ತದೆ. ಅದಕ್ಕೆ ಮೂರು ಗಂಟೆಗೆ ಕಡಮೆ ಸಾಲದು.

ಯೆಹೂದಿ ಚರಿತ್ರ ಸಂಸ್ಥೆಯಲ್ಲಿ ಒಂದು ಹಾಲಿನ ಡಬ್ಬ ಇದೆ, ಅದನ್ನು ಬಿಡಬೇಡಿ. ಎಮಾನುಯೆಲ್ ರಿಂಗೆಲ್‌ಬ್ಲುಮ್ ಎಂಬ ಚರಿತ್ರಕಾರರು ಗೆಳೆಯರೊಡನೆ ಘೆಟ್ಟೋದೊಳಗೆ ಗುಟ್ಟಾಗಿ ದಿನಚರಿ, ಕಾಗದ, ಜಾಹೀರಾತು, ಮಕ್ಕಳ ಶಾಲೆಯ ಬರಹ ಎಲ್ಲವನ್ನೂ ಕೂಡಿಸಿ, ತಗಡಿನ ಪೆಟ್ಟಿಗೆಗಳಲ್ಲೂ ಹಾಲಿನ ಡಬ್ಬಗಳಲ್ಲೂ ತುಂಬಿ ನೆಲದಲ್ಲಿ ಹೂತರು. ಒಂದು ಭಾಗ 1946ರಲ್ಲಿ, ಇನ್ನೊಂದು 1950ರಲ್ಲಿ ಸಿಕ್ಕಿತು. ಮೂರನೆಯದು ಸಿಕ್ಕಿಲ್ಲ. ಹೂತವರಲ್ಲಿ ಹೆಚ್ಚಿನವರು ಅದನ್ನು ತೆಗೆಯಲು ಉಳಿಯಲಿಲ್ಲ.

ಇಲ್ಲೇ ಭಾರತೀಯರಾದ ನಮಗೆ ಸಂಬಂಧಪಟ್ಟ ಒಂದು ಸಂಗತಿ ಇದೆ. ಯಾನುಷ್ ಕೋರ್ಚಾಕ್ ಎಂಬ ವೈದ್ಯರು ಅನಾಥಾಲಯ ನಡೆಸುತ್ತಿದ್ದರು. 1930ರ ದಶಕದಲ್ಲಿ 'ಮುದಿ ಡಾಕ್ಟರು' ಎಂಬ ಹೆಸರಿನಲ್ಲಿ ರೇಡಿಯೋದಲ್ಲಿ ಮಾತನಾಡಿ ಮಕ್ಕಳಿಗೆ ಪ್ರಿಯರಾಗಿದ್ದರು. 1942ರ ಜುಲೈ 18ರಂದು ಅವರು ಘೆಟ್ಟೋದೊಳಗಿನ ತಮ್ಮ ಅನಾಥಾಲಯದ ಮಕ್ಕಳಿಂದ ಒಂದು ನಾಟಕ ಆಡಿಸಿದರು. ಅದು ರವೀಂದ್ರನಾಥ ಠಾಕೂರರ 'ಡಾಕ್‌ಘರ್'. ಕಾಯಿಲೆಯ ಹುಡುಗನೊಬ್ಬ ಕಿಟಕಿಯ ಬಳಿ ಕುಳಿತು ರಾಜನ ಓಲೆಗಾಗಿ ಕಾಯುವ ಆ ನಾಟಕವನ್ನು ಬಲ್ಲವರು, ಕೋರ್ಚಾಕರು ಅದನ್ನೇ ಏಕೆ ಆರಿಸಿದರೆಂದು ಊಹಿಸಬಲ್ಲರು. ಮೂರು ವಾರ ಕಳೆಯುವ ಮೊದಲೇ ಸುಮಾರು ಇನ್ನೂರು ಮಕ್ಕಳನ್ನು ತ್ರೆಬ್ಲಿಂಕಾ ರೈಲಿಗೆ ಹತ್ತಿಸಿದರು. ತಪ್ಪಿಸಿಕೊಳ್ಳುವ ಅವಕಾಶ ಬಂದರೂ ಬೇಡವೆಂದು ಡಾಕ್ಟರರು ಮಕ್ಕಳೊಡನೆಯೇ ಹೋದರು. ಊರ ನಡುವೆ 1955ರಲ್ಲಿ ಎದ್ದ ಎತ್ತರದ ಸಂಸ್ಕೃತಿ ಭವನದ ಪಕ್ಕದ ಉದ್ಯಾನದಲ್ಲಿ ಅವರ ಸ್ಮಾರಕ ಇದೆ.

ಬಿಡುವಿದ್ದರೆ ಓಹೋತಾ ಬಡಾವಣೆಯಲ್ಲಿ 'ಒಳ್ಳೆಯ ಮಹಾರಾಜರ ಚೌಕ'ವನ್ನೂ ನೋಡಿ ಬನ್ನಿ. ಯುದ್ಧಕಾಲದಲ್ಲಿ ಸೋವಿಯತ್ ನೆಲದಿಂದ ಬಂದ ನೂರಾರು ಪೋಲಿಷ್ ಮಕ್ಕಳಿಗೆ ಬಾಲಾಚಡಿಯಲ್ಲಿ ಆಶ್ರಯ ಕೊಟ್ಟ ನವಾನಗರದ ಜಾಮ್ ಸಾಹೇಬ್ ದಿಗ್ವಿಜಯಸಿಂಹರ ನೆನಪಿಗೆ ಇಟ್ಟ ಹೆಸರದು. ನಮ್ಮ ಬೆಳಗಾವಿಗೆ ನೆರೆಯ ಕೊಲ್ಹಾಪುರದ ಬಳಿ, ವಳಿವಡೆಯಲ್ಲಿ, ಸುಮಾರು ಐದು ಸಾವಿರ ಪೋಲರು 1948ರವರೆಗೂ ನೆಲಸಿದ್ದರು; ಅವರ ಕೃತಜ್ಞತೆಯ ಸ್ಮಾರಕವೂ ವಾರ್ಸಾದಲ್ಲಿದೆ.

ಮೂರನೆಯ ದಿನ ಬೆಳಗ್ಗೆ ವಾರ್ಸಾ ದಂಗೆಯ ವಸ್ತುಸಂಗ್ರಹಾಲಯ. ಘೆಟ್ಟೋದ ದಂಗೆ ಬೇರೆ, ಇದು ಬೇರೆ, ಎರಡನ್ನೂ ಕಲಸಬೇಡಿ. 1944ರ ಆಗಸ್ಟ್ 1ರ ಸಂಜೆ ಐದು ಗಂಟೆಗೆ ಪೋಲರ ಗುಪ್ತಸೇನೆ ಜರ್ಮನರ ವಿರುದ್ಧ ಎದ್ದಿತು. ಅರವತ್ತಮೂರು ದಿನ ಕಾದಿತು. ಸೆಪ್ಟೆಂಬರಿನಲ್ಲಿ ವಿಸ್ಟುಲಾ ನದಿಯ ಆಚೆ ದಡಕ್ಕೆ ಬಂದ ಸೋವಿಯತ್ ಸೇನೆ ಊರನ್ನು ಬಿಡಿಸಲಿಲ್ಲ. ಒಂದೂವರೆ ಲಕ್ಷಕ್ಕೂ ಹೆಚ್ಚು ನಾಗರಿಕರು ಸತ್ತರು. ಬದುಕಿದವರನ್ನು ಹೊರಗಟ್ಟಿ, ಜರ್ಮನರು ಉಳಿದ ಮನೆಗಳನ್ನು ಬೀದಿಯಿಂದ ಬೀದಿಗೆ ಸುಟ್ಟರು, ಸಿಡಿಸಿದರು. ಯುದ್ಧಾನಂತರದ ಸರ್ಕಾರಕ್ಕೆ ಈ ದಂಗೆಯ ನೆನಪು ಬೇಡವಾಗಿತ್ತು. ವಸ್ತುಸಂಗ್ರಹಾಲಯ ತೆರೆದದ್ದು 2004ರಲ್ಲಿ. ಆಗಸ್ಟ್ 1ರಂದು ಅಲ್ಲಿದ್ದರೆ ಸಂಜೆ ಐದಕ್ಕೆ ಬೀದಿಯಲ್ಲಿರಿ: ಸೈರನ್ ಕೂಗುತ್ತದೆ, ಮೋಟಾರುಗಳು ನಿಲ್ಲುತ್ತವೆ, ಇಡೀ ಊರು ಒಂದು ನಿಮಿಷ ನಿಂತಲ್ಲೇ ನಿಲ್ಲುತ್ತದೆ.

ಅಂದು ಮಧ್ಯಾಹ್ನವೇ ಕ್ರಾಕೋಗೆ ರೈಲು ಹತ್ತಿರಿ. ದೂರ ಮುನ್ನೂರು ಕಿಲೋಮೀಟರಿನ ಆಸುಪಾಸು. ವೇಗದ ರೈಲಿನಲ್ಲಿ ಎರಡೂವರೆ ಗಂಟೆ. ಫಲಕದಲ್ಲಿ ಕಾಣುವ ಹೆಸರನ್ನು ಪೋಲರು ಕ್ರಾಕುಫ್ ಎಂದು ಉಚ್ಚರಿಸುತ್ತಾರೆ.

ನಾಲ್ಕನೆಯ ದಿನ ಕ್ರಾಕೋದ ದೊಡ್ಡ ಚೌಕದಲ್ಲಿ ನಿಂತರೆ ವಾರ್ಸಾ ಕಳೆದುಕೊಂಡದ್ದು ಏನೆಂದು ತಿಳಿಯುತ್ತದೆ. 1257ರಲ್ಲಿ ಅಳೆದು ಹಾಕಿದ ಚೌಕ ಇದು. ಬದಿಗೆ ಸುಮಾರು ಇನ್ನೂರು ಮೀಟರ್, ನಡುವೆ ಜವಳಿ ವರ್ತಕರ ಉದ್ದನೆಯ ಮಂಟಪ. ಮೇರಿ ಇಗರ್ಜಿಯೊಳಗೆ ಫೈಟ್ ಷ್ಟೋಸ್ ಎಂಬ ಶಿಲ್ಪಿ 1477ರಿಂದ 1489ರವರೆಗೆ ಕೆತ್ತಿದ ಮರದ ಪೀಠಶಿಲ್ಪ ಇದೆ. ಜರ್ಮನರು ಹೊತ್ತೊಯ್ದಿದ್ದ ಅದು 1946ರಲ್ಲಿ ಹಿಂತಿರುಗಿತು. 1364ರಲ್ಲಿ ಸ್ಥಾಪನೆಯಾದ ವಿಶ್ವವಿದ್ಯಾಲಯದ ಹಳೆಯ ಅಂಗಳವನ್ನು ನೋಡಿ. 1491ರಲ್ಲಿ ಕೊಪರ್ನಿಕಸ್ ಸೇರಿದ್ದು ಈ ವಿದ್ಯಾಲಯಕ್ಕೆ. 1939ರ ನವೆಂಬರ್ 6ರಂದು ಉಪನ್ಯಾಸವೆಂದು ಕರೆದು ನೂರೆಂಬತ್ತಕ್ಕೂ ಹೆಚ್ಚು ಪ್ರಾಧ್ಯಾಪಕರೂ ಸಿಬ್ಬಂದಿಯೂ ಸೆರೆಯಾದದ್ದೂ ಇದೇ ವಿದ್ಯಾಲಯದಲ್ಲಿ. ಸಂಜೆ ವಾವೆಲ್ ಗುಡ್ಡ: ದೊರೆಗಳ ಅರಮನೆ, ಅವರ ಸಮಾಧಿಗಳಿರುವ ಇಗರ್ಜಿ. ಈ ಅರಮನೆಯಲ್ಲಿ ಕುಳಿತು ಪೋಲೆಂಡನ್ನು ಆಳಿದವನು ಹಿಟ್ಲರನ ಅಧಿಕಾರಿ ಹಾನ್ಸ್ ಫ್ರಾಂಕ್. ಕ್ರಾಕೋ ಅವನ ರಾಜಧಾನಿಯಾಗಿತ್ತು. ಊರಿನ ಕಲ್ಲುಗಳು ಬಹುಮಟ್ಟಿಗೆ ಉಳಿದವು.

ಜನ? ಅದಕ್ಕೆ ಐದನೆಯ ದಿನ. ಕಾಜಿಮಿಯೆಜ್ ಎಂಬ ಯೆಹೂದಿ ಬಡಾವಣೆಯಲ್ಲಿ ಪ್ರಾರ್ಥನಾ ಮಂದಿರಗಳೂ ಹಳೆಯ ರುದ್ರಭೂಮಿಯೂ ಹಾಗೆಯೇ ಇವೆ. ಯುದ್ಧಕ್ಕೆ ಮೊದಲು ಪಟ್ಟಣದಲ್ಲಿ ಅರವತ್ತು ಸಾವಿರಕ್ಕೂ ಹೆಚ್ಚು ಯೆಹೂದ್ಯರಿದ್ದರು. ಇಂದಿನ ಸಮಾಜ ಚಿಕ್ಕದು. ಬೀದಿಯಲ್ಲಿ ಈಗ ಕಾಫಿ ಅಂಗಡಿಗಳ ಗದ್ದಲ. ಅಲ್ಲಿಂದ ಸೇತುವೆ ದಾಟಿ ಪೋದ್ಗುಜೆಗೆ ನಡೆಯಿರಿ. 1941ರ ಮಾರ್ಚಿಯಲ್ಲಿ ಘೆಟ್ಟೋ ಮಾಡಿದ್ದು ಇಲ್ಲಿ. 1943ರ ಮಾರ್ಚಿಯಲ್ಲಿ ಅದನ್ನು ಬರಿದು ಮಾಡಿದರು. ಚೌಕದ ತುಂಬ ದೊಡ್ಡ ದೊಡ್ಡ ಲೋಹದ ಕುರ್ಚಿಗಳನ್ನು ಇಟ್ಟಿದ್ದಾರೆ, ಕೂರುವವರಿಲ್ಲದ ಕುರ್ಚಿಗಳು. ಮೂಲೆಯಲ್ಲಿ ತಾದೆಉಷ್ ಪಾಂಕಿಯೆವಿಚ್ ಎಂಬ ಪೋಲರ ಔಷಧದ ಅಂಗಡಿ. ಘೆಟ್ಟೋದೊಳಗೇ ಅಂಗಡಿ ತೆರೆದಿಟ್ಟು ಯೆಹೂದ್ಯರಿಗೆ ನೆರವಾದವರು ಅವರು. ಹತ್ತಿರದಲ್ಲೇ ಶಿಂಡ್ಲರನ ಕಾರ್ಖಾನೆಯಲ್ಲಿ 2010ರಿಂದ ವಸ್ತುಸಂಗ್ರಹಾಲಯ ಇದೆ.

ಆರನೆಯ ದಿನ ಓಶ್ವಿಯೆಂಚಿಮ್. ಜಗತ್ತು ಬಲ್ಲ ಅದರ ಜರ್ಮನ್ ಹೆಸರು ಆಷ್‌ವಿಟ್ಸ್. ಕ್ರಾಕೋದಿಂದ ಪಶ್ಚಿಮಕ್ಕೆ ಎಪ್ಪತ್ತು ಕಿಲೋಮೀಟರಿಗೆ ಒಳಗೆ. ಸುಮಾರು 11 ಲಕ್ಷ ಜನರನ್ನು ಇಲ್ಲಿ ಕೊಂದರು. ಅವರಲ್ಲಿ ಸುಮಾರು 10 ಲಕ್ಷ ಯೆಹೂದ್ಯರು. ಇದನ್ನು ಕಾಜಿಮಿಯೆಜ್ ನೋಡಿದ ಮೇಲೆಯೇ ನೋಡಿ. ಅವರು ಹೇಗೆ ಬಾಳಿದರೆಂದು ತಿಳಿಯದೆ ಹೇಗೆ ಸತ್ತರೆಂದು ನೋಡಿದರೆ ಉಳಿಯುವುದು ಸಂಖ್ಯೆ ಮಾತ್ರ. ಕೆಲವು ಪ್ರವಾಸ ಏಜೆಂಟರು ಇದನ್ನೂ ವಿಯೆಲಿಚ್ಕಾದ ಉಪ್ಪಿನ ಗಣಿಯನ್ನೂ ಒಂದೇ ದಿನಕ್ಕೆ ಸೇರಿಸುತ್ತಾರೆ. ಒಪ್ಪಬೇಡಿ. ಗಣಿ ಸೊಗಸಾದದ್ದೇ, ಆದರೆ ಅದಕ್ಕೆ ಬೇರೆ ದಿನ. ಪ್ರವೇಶಕ್ಕೆ ಮುಂಚಿತವಾಗಿ ಹೆಸರು ನೋಂದಾಯಿಸಬೇಕು, ಪಾಸ್‌ಪೋರ್ಟ್ ಜೊತೆಗಿರಬೇಕು, ಚೀಲ ಚಿಕ್ಕದಿರಬೇಕು. ಮೊದಲ ಶಿಬಿರದಿಂದ ಮೂರು ಕಿಲೋಮೀಟರಿನಲ್ಲಿ ಬಿರ್ಕೆನಾವ್. ಎರಡಕ್ಕೂ ಸೇರಿ ಮೂರೂವರೆ ಗಂಟೆಯಾದರೂ ಬೇಕು. ಹದಿನಾಲ್ಕಕ್ಕಿಂತ ಚಿಕ್ಕ ಮಕ್ಕಳನ್ನು ಕರೆತರುವುದು ಬೇಡವೆಂದು ಅಲ್ಲಿಯವರೇ ಹೇಳುತ್ತಾರೆ.

ಇನ್ನು ಕೆಲವು ವ್ಯವಹಾರದ ಮಾತು. ವೀಸಾ ಷೆಂಗೆನ್ ಒಪ್ಪಂದದ್ದು. ನಾಣ್ಯ ಮಾತ್ರ ಯೂರೋ ಅಲ್ಲ, ಜ್ಲೋಟಿ. ವಸ್ತುಸಂಗ್ರಹಾಲಯಗಳಿಗೆ ಕೆಲವಕ್ಕೆ ಸೋಮವಾರ, ಕೆಲವಕ್ಕೆ ಮಂಗಳವಾರ ರಜೆ. ಪೋಲಿನ್ ಮತ್ತು ದಂಗೆಯ ಸಂಗ್ರಹಾಲಯಗಳಿಗೆ ಮಂಗಳವಾರ. ಮೇ, ಜೂನ್, ಸೆಪ್ಟೆಂಬರ್ ತಿಂಗಳುಗಳು ಹಿತ; ಚಳಿಗಾಲದಲ್ಲಿ ಸಂಜೆ ನಾಲ್ಕಕ್ಕೇ ಕತ್ತಲು. ಕಲ್ಲುಹಾಸಿನ ಬೀದಿಗಳಿಗೆ ಗಟ್ಟಿ ಪಾದರಕ್ಷೆ ಇರಲಿ. ಶಾಕಾಹಾರಿಗಳು ಹೆದರಬೇಕಾಗಿಲ್ಲ: 'ಬಾರ್ ಮ್ಲೆಚ್ನಿ' ಎಂಬ ಅಗ್ಗದ ಊಟದ ಮನೆಗಳಲ್ಲಿ ಆಲೂಗಡ್ಡೆ, ಗಿಣ್ಣು ತುಂಬಿದ ಪಿಯೆರೋಗಿ ಸಿಗುತ್ತದೆ, ನೋಡಲು ನಮ್ಮ ಕಡುಬಿನ ಹಾಗೆ. ಮೇಲೆ ಹಂದಿಯ ಕೊಬ್ಬಿನ ಚೂರು ಉದುರಿಸುವ ವಾಡಿಕೆ ಉಂಟು. ಬೇಡವೆಂದು ಮೊದಲೇ ಹೇಳಿ.

ಏಳನೆಯ ದಿನ ಏನೂ ಇಟ್ಟುಕೊಳ್ಳಬೇಡಿ. ಓಶ್ವಿಯೆಂಚಿಮ್‌ನಿಂದ ಬಂದವರು ಅಂದೇ ರಾತ್ರಿ ವಿಮಾನ ಹತ್ತುವುದು ಒಳ್ಳೆಯದಲ್ಲ. ಮಧ್ಯಾಹ್ನ ಹನ್ನೆರಡಕ್ಕೆ ದೊಡ್ಡ ಚೌಕಕ್ಕೆ ಬಂದು ಗೋಪುರದ ಕಡೆ ನೋಡುತ್ತ ನಿಲ್ಲಿ. ತುತ್ತೂರಿ ಊದುವವರು ಆ ಊರಿನ ಅಗ್ನಿಶಾಮಕ ದಳದವರು. ಊದಿ ಮುಗಿಸಿದವನು ಕಿಟಕಿಯಿಂದ ಕೆಳಗಿನವರಿಗೆ ಕೈಬೀಸುತ್ತಾನೆ, ನೀವೂ ಬೀಸಿ. ಅರ್ಧಕ್ಕೆ ನಿಂತ ಆ ರಾಗ ಅದೇ ಹೊತ್ತಿಗೆ ವಾರ್ಸಾದ ಮನೆಗಳಲ್ಲೂ ರೇಡಿಯೋದಲ್ಲಿ ಕೇಳುತ್ತಿರುತ್ತದೆ.