ವಿಚಾರಣೆಗೆ ಮುನ್ನವೇ ಮೊಕದ್ದಮೆ ಮುಗಿಯುವುದು ಯಾವಾಗ?

(ಕೂಟದ ಸಭೆಯಲ್ಲಿ ನೀಡಿದ ಅತಿಥಿ ಉಪನ್ಯಾಸದ ಲಿಖಿತ ರೂಪ)



ತಾಯ್ನಾಡಿನಿಂದ ಇಷ್ಟು ದೂರದಲ್ಲಿ, ಕನ್ನಡದಲ್ಲಿಯೇ ಕಾನೂನಿನ ವಿಷಯವನ್ನು ಕುರಿತು ಮಾತನಾಡುವ ಅವಕಾಶವನ್ನು ಕಲ್ಪಿಸಿಕೊಟ್ಟಿದ್ದೀರಿ. ಅದಕ್ಕಾಗಿ ನಾನು ತಮಗೆ ಋಣಿ.

ಒಂದು ಸಂದರ್ಭವನ್ನು ಊಹಿಸಿಕೊಳ್ಳೋಣ. ನಡುರಾತ್ರಿಯಲ್ಲಿ ಊರಿನಿಂದ ದೂರವಾಣಿ ಕರೆ ಬರುತ್ತದೆ. ತಮ್ಮನ ಸಂಸಾರ ಒಡೆದಿದೆ. ಅವನ ಪತ್ನಿ ವರದಕ್ಷಿಣೆ ಕಿರುಕುಳದ ದೂರು ನೀಡಿದ್ದಾಳೆ. ಹತ್ತು ವರ್ಷಗಳಿಂದ ಪರದೇಶದಲ್ಲಿರುವ ಅಕ್ಕ-ಭಾವಂದಿರ ಹೆಸರೂ ಅದರಲ್ಲಿ ಸೇರಿದೆ. ಇನ್ನು ವರ್ಷಗಟ್ಟಲೆ ನ್ಯಾಯಾಲಯಕ್ಕೆ ಅಲೆಯಬೇಕೇ? ಅದಕ್ಕಿಂತ ಮೊದಲೇ ಈ ಮೊಕದ್ದಮೆಗೆ ಕೊನೆಯುಂಟೇ?

ಉಂಟು. ಆದರೆ ಆ ಬಾಗಿಲು ಬಹಳ ಕಿರಿದಾದುದು. ದೂರು ನೀಡಿದ ಆ ಹೆಣ್ಣುಮಗಳು ನಿಜವಾಗಿಯೂ ನೊಂದವಳಿರಬಹುದು ಎಂಬುದನ್ನು ನ್ಯಾಯಾಲಯ ಮರೆಯುವಂತಿಲ್ಲ. ಸಾಕ್ಷ್ಯವನ್ನು ಕೇಳುವ ಮೊದಲೇ ಮೊಕದ್ದಮೆಯನ್ನು ಮುಗಿಸಿದರೆ ಆಕೆಯ ಬಾಯಿ ಮುಚ್ಚಿಸಿದಂತಾಗುತ್ತದೆ. ಮುಗಿಸದೆ ಬಿಟ್ಟರೆ ನಿರಪರಾಧಿಯು ಬಳಲಬೇಕಾಗುತ್ತದೆ. ಈ ಎರಡು ಅನ್ಯಾಯಗಳ ನಡುವೆ ದಾರಿ ಹುಡುಕುವುದೇ ಈ ಕಾನೂನಿನ ಸಾರ.

ಭಾರತದಲ್ಲಿ ಈ ಅಂತರ್ನಿಹಿತ ಅಧಿಕಾರವಿರುವುದು ಉಚ್ಚ ನ್ಯಾಯಾಲಯಕ್ಕೆ. 1898ರ ದಂಡ ಪ್ರಕ್ರಿಯಾ ಸಂಹಿತೆಗೆ 1923ರಲ್ಲಿ ಸೇರಿಸಲಾದ 561-ಎ ಕಲಮು, 1973ರ ಸಂಹಿತೆಯಲ್ಲಿ 482ನೆಯ ಕಲಮಾಯಿತು. 2024ರ ಜುಲೈ 1ರಿಂದ ಅದು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 528ನೆಯ ಕಲಮು. ಸಂಖ್ಯೆ ಬದಲಾದರೂ ತಿರುಳು ಒಂದೇ: ನ್ಯಾಯಾಲಯದ ಪ್ರಕ್ರಿಯೆ ದುರುಪಯೋಗವಾಗದಂತೆ ತಡೆಯುವುದು ಮತ್ತು ನ್ಯಾಯದ ಉದ್ದೇಶವನ್ನು ಈಡೇರಿಸುವುದು.

ಈ ಹಂತದಲ್ಲಿ ನ್ಯಾಯಾಧೀಶರು ಕೇಳುವ ಪ್ರಶ್ನೆ 'ಆರೋಪ ನಿಜವೇ, ಸುಳ್ಳೇ?' ಎಂಬುದಲ್ಲ. ದೂರಿನಲ್ಲಿರುವ ಪ್ರತಿಯೊಂದು ಮಾತನ್ನೂ ನಿಜವೆಂದೇ ಇಟ್ಟುಕೊಂಡರೆ ಅದರಿಂದ ಯಾವುದಾದರೂ ಅಪರಾಧ ಮೂಡುತ್ತದೆಯೇ ಎಂಬುದೇ ಆ ಪ್ರಶ್ನೆ. 1960ರಲ್ಲಿ ಆರ್. ಪಿ. ಕಪೂರ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಹಾಕಿಕೊಟ್ಟ ದಾರಿ ಇದು. ಆರೋಪದಿಂದ ಅಪರಾಧವೇ ಮೂಡದಿದ್ದಾಗ, ಮೊಕದ್ದಮೆಗೆ ಕಾನೂನಿನ ಸ್ಪಷ್ಟ ತಡೆಯಿದ್ದಾಗ, ಅಥವಾ ಆರೋಪಕ್ಕೆ ಆಧಾರವಾಗಿ ಯಾವ ಸಾಕ್ಷ್ಯವೂ ಇಲ್ಲದಿದ್ದಾಗ ಅದನ್ನು ರದ್ದುಪಡಿಸಬಹುದು. 'ಆ ಸಾಕ್ಷಿ ನಂಬಲರ್ಹನಲ್ಲ' ಎಂಬ ವಾದಕ್ಕೆ ಇಲ್ಲಿ ಎಡೆಯಿಲ್ಲ. ಅದು ವಿಚಾರಣೆಯ ಕೆಲಸ.

ನಮ್ಮ ನಾಡಿನದೇ ಒಂದು ಪ್ರಕರಣವೂ ಇಲ್ಲಿ ಹೆಸರುವಾಸಿಯಾಗಿದೆ. ಕರ್ನಾಟಕ ರಾಜ್ಯ ವಿರುದ್ಧ ಎಲ್. ಮುನಿಸ್ವಾಮಿ ಪ್ರಕರಣದಲ್ಲಿ, ಕೆಲವು ಆಪಾದಿತರ ವಿರುದ್ಧ ಆಧಾರವಿಲ್ಲವೆಂದು ನಮ್ಮ ಉಚ್ಚ ನ್ಯಾಯಾಲಯವು ಮೊಕದ್ದಮೆಯನ್ನು ರದ್ದುಪಡಿಸಿತು. ರಾಜ್ಯ ಸರ್ಕಾರ ಮೇಲ್ಮನವಿ ಸಲ್ಲಿಸಿತು. 1977ರಲ್ಲಿ ಸರ್ವೋಚ್ಚ ನ್ಯಾಯಾಲಯವು, ನ್ಯಾಯಾಲಯದ ನಡವಳಿಯು ಕಿರುಕುಳದ ಆಯುಧವಾಗಕೂಡದೆಂದು ಹೇಳಿ, ಆ ಆದೇಶವನ್ನು ಎತ್ತಿಹಿಡಿಯಿತು.

ವಕೀಲರು ಹೆಚ್ಚಾಗಿ ಆಧರಿಸುವುದು ಹರಿಯಾಣದ ಮಾಜಿ ಮುಖ್ಯಮಂತ್ರಿ ಭಜನ್ ಲಾಲ್ ಅವರ ಪ್ರಕರಣವನ್ನು. 1990ರ ನವೆಂಬರ್‌ನಲ್ಲಿ ಬಂದ ಆ ತೀರ್ಪು ರದ್ದತಿಗೆ ಏಳು ಬಗೆಯ ಸಂದರ್ಭಗಳನ್ನು ಉದಾಹರಣೆಯಾಗಿ ಕೊಟ್ಟಿತು. ಯಾವ ವಿವೇಕಿಯೂ ನಂಬಲಾರದಷ್ಟು ಅಸಂಬದ್ಧವಾದ ಆರೋಪ, ಹಗೆ ತೀರಿಸಿಕೊಳ್ಳಲೆಂದೇ ಹೂಡಿದ ಮೊಕದ್ದಮೆ ಮೊದಲಾದವು ಅವುಗಳಲ್ಲಿವೆ. ಸ್ವಾರಸ್ಯವೆಂದರೆ, ಅದೇ ತೀರ್ಪಿನಲ್ಲಿ ಪ್ರಥಮ ವರ್ತಮಾನ ವರದಿಯನ್ನು ಉಚ್ಚ ನ್ಯಾಯಾಲಯವು ರದ್ದುಪಡಿಸಿದ್ದು ತಪ್ಪೆಂದು ತೀರ್ಮಾನವಾಯಿತು. ತನಿಖೆ ನಡೆಸಿದ ಅಧಿಕಾರಿಗೆ ಸರಿಯಾದ ಅಧಿಕಾರವಿರಲಿಲ್ಲವಾದ್ದರಿಂದ ಆ ತನಿಖೆ ಮಾತ್ರ ಬಿದ್ದುಹೋಯಿತು. ಬಾಗಿಲಿನ ಅಳತೆಯನ್ನು ಹೇಳಿದ ತೀರ್ಪೇ ಬಾಗಿಲನ್ನು ಪೂರ್ತಿ ತೆರೆಯಲಿಲ್ಲ! ತನಿಖೆಯನ್ನು ಆರಂಭದಲ್ಲಿಯೇ ತಡೆಯುವುದು ಅಪರೂಪದ ಸಂದರ್ಭಗಳಲ್ಲಿ ಮಾತ್ರವೆಂದು 2021ರಲ್ಲಿ ನೀಹಾರಿಕಾ ಇನ್‌ಫ್ರಾಸ್ಟ್ರಕ್ಚರ್ ಪ್ರಕರಣದಲ್ಲಿ ಮತ್ತೊಮ್ಮೆ ಎಚ್ಚರಿಸಲಾಯಿತು.

ಇನ್ನು ನಮ್ಮ ಅಕ್ಕ-ಭಾವಂದಿರ ಕಥೆಗೆ ಮರಳೋಣ. ಯಾರು, ಯಾವಾಗ, ಏನು ಮಾಡಿದರೆಂದು ಹೇಳದೆ, ಗಂಡನ ಬಂಧುಗಳೆಲ್ಲರ ಹೆಸರನ್ನು ಸಾರಾಸಗಟಾಗಿ ಸೇರಿಸಿದರೆ ಸಾಲದೆಂದು ಸರ್ವೋಚ್ಚ ನ್ಯಾಯಾಲಯವು 2012ರ ಗೀತಾ ಮೆಹ್ರೋತ್ರಾ ಮತ್ತು 2022ರ ಕಹಕಶಾನ್ ಕೌಸರ್ ಪ್ರಕರಣಗಳಲ್ಲಿ ಹೇಳಿದೆ. ಆದರೆ 'ನಾವು ವಿದೇಶದಲ್ಲಿದ್ದೆವು' ಎಂಬುದೊಂದೇ ರಕ್ಷಾಕವಚವಲ್ಲ. ದೂರವಾಣಿಯಲ್ಲಿ ಹಣಕ್ಕಾಗಿ ಪೀಡಿಸಿದರೆಂದು ನಿರ್ದಿಷ್ಟ ಆರೋಪವಿದ್ದರೆ ಅದಕ್ಕೆ ಉತ್ತರ ಕೊಡಲೇಬೇಕಾಗುತ್ತದೆ. ಅದೇ ರದ್ದತಿಯಿಂದ ಪತಿಯ ಮೇಲಿನ ಮೊಕದ್ದಮೆಯೂ ತಾನಾಗಿ ಬಿದ್ದುಹೋಗುವುದಿಲ್ಲ.

ನಿವೇಶನ ಮತ್ತು ಹಣಕಾಸಿನ ವ್ಯಾಜ್ಯಗಳೂ ಹೀಗೆಯೇ. ಕೊಟ್ಟ ಮಾತಿಗೆ ತಪ್ಪಿದ ಮಾತ್ರಕ್ಕೆ ವಂಚನೆಯ ಅಪರಾಧವಾಗದು. ಮಾತು ಕೊಡುವಾಗಲೇ ಮೋಸದ ಉದ್ದೇಶವಿರಬೇಕು. ಬರಿಯ ಸಿವಿಲ್ ವ್ಯಾಜ್ಯಕ್ಕೆ ಕ್ರಿಮಿನಲ್ ವೇಷ ತೊಡಿಸಿದ್ದರೆ ರದ್ದತಿ ಸಾಧ್ಯ.

ರಾಜಿಯ ಮಾತೂ ಬರುತ್ತದೆ. ಕಾನೂನು ರಾಜಿಗೆ ಒಪ್ಪದ ಅಪರಾಧಗಳಲ್ಲಿಯೂ, ಜಗಳವು ಮುಖ್ಯವಾಗಿ ಖಾಸಗಿಯಾಗಿದ್ದರೆ, ಇತ್ತಂಡಗಳ ಒಪ್ಪಂದದ ಮೇಲೆ ಉಚ್ಚ ನ್ಯಾಯಾಲಯವು ಮೊಕದ್ದಮೆಯನ್ನು ಮುಗಿಸಬಹುದೆಂದು 2012ರ ಗ್ಯಾನ್ ಸಿಂಗ್ ತೀರ್ಪು ಹೇಳಿತು. ಕೊಲೆ, ಅತ್ಯಾಚಾರ, ಡಕಾಯಿತಿಯಂತಹ ಘೋರ ಕೃತ್ಯಗಳಿಗೆ ಇದು ಸಲ್ಲದು. ಅವು ಸಮಾಜದ ವಿರುದ್ಧವೇ ನಡೆದ ಅಪರಾಧಗಳು.

ಕೊನೆಯದಾಗಿ ಎರಡು ಎಚ್ಚರಿಕೆಗಳು. ಅರ್ಜಿ ಸಲ್ಲಿಸಿದ ಮಾತ್ರಕ್ಕೆ ಕೆಳಗಿನ ನ್ಯಾಯಾಲಯದ ನಡವಳಿ ನಿಲ್ಲದು. ತಡೆಯಾಜ್ಞೆ ದೊರೆಯುವವರೆಗೆ ಸಮನ್ಸನ್ನು ಕಡೆಗಣಿಸಕೂಡದು. ಅರ್ಜಿ ತಿರಸ್ಕೃತವಾದರೆ ಅಪರಾಧ ಸಾಬೀತಾಯಿತೆಂದೂ ಅಲ್ಲ. ದೋಷಾರೋಪಣೆಯ ಹಂತದಲ್ಲಿ, ಸೆಷನ್ಸ್ ಪ್ರಕರಣವಾದರೆ ಹೊಸ ಸಂಹಿತೆಯ 250ನೆಯ, ವಾರಂಟ್ ಪ್ರಕರಣವಾದರೆ 262ನೆಯ ಕಲಮಿನಂತೆ, ವಿಚಾರಣಾ ನ್ಯಾಯಾಲಯದಲ್ಲಿಯೇ ಆರೋಪದಿಂದ ಬಿಡುಗಡೆ ಕೋರಬಹುದು.

ಆದುದರಿಂದ ಕರೆ ಬಂದಾಗ ಎದೆಗುಂದಬೇಡಿ, ಉಡಾಫೆಯನ್ನೂ ಮಾಡಬೇಡಿ. ದೂರಿನ ಪ್ರತಿಯನ್ನು ತರಿಸಿಕೊಂಡು, 'ಇದರಲ್ಲಿ ನಾನು ಮಾಡಿದೆನೆಂದು ಹೇಳಿರುವುದೇನು?' ಎಂದು ಓದಿ ನೋಡಿ. ನ್ಯಾಯಾಧೀಶರೂ ಮೊದಲು ನೋಡುವುದು ಅದನ್ನೇ.